ಹಿಂದಿನ ಕೋಣೆಯ ಬೇರೆ ಒಲೆ

ಹಾರ್ಲೋ ಮಿಲ್ಸ್, ಮೇನ್
ಫೆಬ್ರವರಿ 11, 2014, ಮಂಗಳವಾರ

ಪ್ರೀತಿಯ ತಮ್ಮ ವೆಂಡಲ್‌ಗೆ,

ನಿನ್ನ ಕೆಮ್ಮು ಹೇಗಿದೆ? ಹೋಗುವಾಗ ಎದೆಯಲ್ಲಿ ಗೊರಗೊರ ಸದ್ದು ಇಟ್ಟುಕೊಂಡೇ ಹೋದೆ. ಆ ಕ್ಯಾಂಪಿನಲ್ಲಿ ಮರ ಕಡಿಯುವ ಗಂಡಸರ ನಡುವೆ ರಾತ್ರಿ ನಿನ್ನ ಎದೆಗೆ ಔಷಧಿ ತಿಕ್ಕುವವರು ಯಾರಿದ್ದಾರೆ? ಹೋದ ಚಳಿಗಾಲದಲ್ಲಿ ಮರಗಟ್ಟಿದ ಎಡಗಾಲಿನ ಹೆಬ್ಬೆರಳನ್ನು ದಿನಾ ಬೂಟು ಬಿಚ್ಚಿದ ಕೂಡಲೇ ನೋಡಿಕೋ, ನಾಳೆ ನೋಡಿದರಾಯಿತು ಎಂದು ಮಲಗಬೇಡ. ಈ ಕಾಗದದ ಜೊತೆ ಉಣ್ಣೆಯ ಕಾಲುಚೀಲ ಕಳಿಸುತ್ತಿದ್ದೇನೆ. ಅದು ಉಣ್ಣೆ, ಊಟವಲ್ಲ. ಹಾಗಾಗಿ ವಾಪಸ್ ಕಳಿಸುವ ಹಾಗಿಲ್ಲ.

ನಾನು ಚೆನ್ನಾಗಿದ್ದೇನೆ. ಮೊಣಕಾಲು ಹಳೆಯ ಹಾಗೆಯೇ, ಹಿಮ ಬೀಳುವುದನ್ನು ರೇಡಿಯೋದವರಿಗಿಂತ ಮೊದಲೇ ಹೇಳುತ್ತದೆ. ಟೆಸ್ಸಾ ಒಂದು ಹಲ್ಲು ಕಳೆದುಕೊಂಡಿದ್ದಾಳೆ, ಮಾರ್ನಿ ತನ್ನ ಒಂದು ಕೈಗವಸನ್ನು. ಹಲ್ಲು ಸಿಕ್ಕಿತು, ಕೈಗವಸು ಸಿಗಲಿಲ್ಲ. ಮಕ್ಕಳ ತಾಯಿಯಿಂದ ಫೋನು ಬಂದಿತ್ತು. ನನ್ನ ಮಗಳು ಇನ್ನೂ ಆ ಚಿಕಿತ್ಸೆಯ ಮನೆಯಲ್ಲೇ ಇದ್ದಾಳೆ, ದನಿ ಮಾತ್ರ ಮೊದಲಿಗಿಂತ ಗಟ್ಟಿಯಾಗಿತ್ತು. ನಿನ್ನ ಬಗ್ಗೆ ಕೇಳಿದಳು. ಚೆನ್ನಾಗಿದ್ದಾನೆ, ಉತ್ತರದ ಕಾಡಿಗೆ ಕೆಲಸಕ್ಕೆ ಹೋಗಿದ್ದಾನೆ ಎಂದೆ. ಯಾಕೆ ಹೋದ ಎಂದು ಅವಳು ಕೇಳಲಿಲ್ಲ, ಕೇಳದೆ ಇದ್ದದ್ದೇ ಒಳ್ಳೆಯದಾಯಿತು.

ಅಲ್ಲಿ ಫೋನು ಸಿಗುವುದಿಲ್ಲ ಎಂಬ ಕಾರಣಕ್ಕೆ ಬರೆಯುತ್ತಿದ್ದೇನೆ ಎಂದುಕೊಳ್ಳಬೇಡ. ಸಿಕ್ಕಿದ್ದರೂ ಬರೆಯುತ್ತಿದ್ದೆ. ಫೋನು ಕೈಗೆ ಬಂದರೆ ನಿನ್ನಕ್ಕ ಏನೇನು ಮಾತಾಡುತ್ತಾಳೆ ಎಂಬುದು ನಿನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ನಮ್ಮ ಈ ಎಲ್ಲ ಫಜೀತಿ ಶುರುವಾಗಿದ್ದೇ ನನ್ನ ಒಂದು ಫೋನಿನ ಮಾತಿನಿಂದ.

ಶೂ ಹೊಲಿಯುವ ಕಾರ್ಖಾನೆಗೆ ಬೀಗ ಬಿದ್ದು, ನನ್ನ ಕೈಗೆ ಕೆಲಸವಿಲ್ಲದಾಗ, ಇಲ್ಲದವರ ಊಟಕ್ಕೆ ಸರ್ಕಾರ ಕೊಡುವ ಫುಡ್ ಸ್ಟಾಂಪಿಗೆ ಅರ್ಜಿ ಹಾಕು ಎಂದವನು ನೀನೇ. ನಾನು ಬೇಸಿಗೆ ಪೂರ್ತಿ ತಳ್ಳಿಕೊಂಡು ಬಂದೆ. ಅಪ್ಪನ ಮುಖ ಕಣ್ಣೆದುರು ಬರುತ್ತಿತ್ತು. ಮಿಲ್ಲಿನ ಮುಷ್ಕರದ ವರ್ಷ ಸರ್ಕಾರ ಹಂಚಿದ ಚೀಸನ್ನು ಅಮ್ಮ ಹಿತ್ತಿಲಲ್ಲೇ ಡಬ್ಬಿಯಿಂದ ಬಿಡಿಸಿ, ಮೇಣದ ಕಾಗದದಲ್ಲಿ ಸುತ್ತಿ, ಊರಾಚೆಯ ಹಾಲಿನವನು ಕೊಟ್ಟದ್ದು ಎಂದು ಅಪ್ಪನ ತಟ್ಟೆಗೆ ಹಾಕುತ್ತಿದ್ದಳಲ್ಲ. ಅಪ್ಪ ತಿಂದು, ಹಾಲಿನವನ ಕೈಗುಣವನ್ನು ಹೊಗಳುತ್ತಿದ್ದ. ಅಪ್ಪನಿಗೆ ಎಲ್ಲ ಗೊತ್ತಿತ್ತು ಎಂದು ನನಗೆ ಈಗ ಅನ್ನಿಸುತ್ತದೆ. ಅಂಥ ಮನೆಯಲ್ಲಿ ಹುಟ್ಟಿದವಳು ನಾನು, ಅರ್ಜಿ ತುಂಬುವಾಗ ಹೆಸರು ಬರೆಯುವ ಜಾಗದಲ್ಲೇ ಪೆನ್ನು ನಿಂತಿತ್ತು.

ಆಮೇಲೆ ಆ ಸರ್ಕಾರಿ ಆಫೀಸಿನಿಂದ ಒಬ್ಬಳು ಹುಡುಗಿ ಫೋನು ಮಾಡಿದಳು. ಪಾಪ, ಮೆತ್ತಗೆ ಮಾತಾಡುವವಳು. "ಮನೇಲಿ ಯಾರ್ಯಾರು ಇದ್ದೀರಿ? ಸಾಮಾನು ಒಟ್ಟಿಗೆ ತರ್ತೀರಾ? ಅಡುಗೆ ಒಟ್ಟಿಗೇನಾ?" ಎಂದು ಕೇಳಿದಳು. ನನಗೆ ಎಲ್ಲಿತ್ತೋ ರೋಷ. ಬೇಡುವುದಕ್ಕೆ ಕೂತವಳಿಗೆ ಹೇಳಿಕೊಳ್ಳಲು ಏನಾದರೂ ಒಂದು ಬೇಕಿತ್ತು ಎಂದು ಕಾಣುತ್ತದೆ. "ಏನಮ್ಮಾ ಹಾಗಂದ್ರೆ? ಸ್ವಂತ ತಮ್ಮನಿಗೆ ಬೇರೆ ಒಲೆ ಹಚ್ಚೋ ಪೈಕಿ ಅಂದ್ಕೊಂಡ್ಯಾ ನನ್ನ? ನಮ್ಮನೇಲಿ ಶನಿವಾರ ಅಂಚೆಯವನು ಬಂದ್ರೂ ಕಾಳು ತಿನ್ನದೆ ಹೋಗಲ್ಲ" ಎಂದೆ. ಅಮ್ಮನ ಮಣ್ಣಿನ ಗಡಿಗೆ, ರಾತ್ರಿಯೇ ನೆನೆಹಾಕುವ ಬೀನ್ಸ್ ಕಾಳು, ಕಾಕಂಬಿ, ಉಪ್ಪು ಹಾಕಿದ ಹಂದಿಮಾಂಸ, ಎಲ್ಲ ಹೇಳಿದೆ. ಅವಳು ಟೈಪ್ ಮಾಡಿಕೊಳ್ಳುವ ಸದ್ದು ಕೇಳಿಸುತ್ತಿತ್ತು. ಮಾತು ಮುಗಿಸಿದ ಮೇಲೆ, ಚೆನ್ನಾಗಿ ಮಾತಾಡಿದೆ ಎಂದು ನನಗೆ ಹೆಮ್ಮೆಯೇ ಆಗಿತ್ತು.

ಒಂದೇ ಒಲೆ ಅಂದರೆ ಒಂದೇ ಸಂಸಾರ, ತಮ್ಮನ ಸಂಬಳವೂ ಲೆಕ್ಕಕ್ಕೆ ಬರುತ್ತದೆ, ಹಾಗಾಗಿ ನಿಮಗೆ ಕೊಡಲಾಗದು ಎಂದು ಉತ್ತರ ಬಂತು. ನಿನ್ನ ಸಂಬಳ ಈ ಮನೆಯ ಸಾಲಕ್ಕೆ, ಚಳಿಗಾಲದಲ್ಲಿ ಮನೆ ಬೆಚ್ಚಗಿಡುವ ಎಣ್ಣೆಗೆ, ನಿನ್ನ ಆ ಮುದಿ ಟ್ರಕ್ಕಿಗೆ ಹೋಗಿ ಕೈಯಲ್ಲಿ ಏನೂ ಉಳಿಯುವುದಿಲ್ಲ ಎಂಬುದು ಯಾವ ಲೆಕ್ಕದಲ್ಲೂ ಇಲ್ಲ. ಕಾಗದದ ಮೇಲೆ ನೀನು ದೊಡ್ಡ ಕುಳ. ಆ ದಿನ ನೀನು ಓದಿ ನಕ್ಕೆ. ಮಾರನೆಯ ದಿನ ಯಾರದೋ ಹಳೆ ಸಾಮಾನಿನ ಮಾರಾಟದಿಂದ ಒಂದು ಕರೆಂಟ್ ಒಲೆ ತಂದು ನೀನು ಮಲಗುವ ಹಿಂದಿನ ಕೋಣೆಯಲ್ಲಿಟ್ಟೆ. ಏನೋ ಇದು ಎಂದು ಕೇಳಿದ್ದಕ್ಕೆ ನೀನು ಹೇಳಿದ್ದು ನನಗೆ ಇವತ್ತಿಗೂ ಹಾಗೇ ಕೇಳಿಸುತ್ತದೆ. "ಅಕ್ಕಾ, ನೀನು ಸುಳ್ಳು ಹೇಳೋದು ಬೇಡ. ಬೇರೆ ಊಟ ಅನ್ನೋದನ್ನ ನಾನೇ ನಿಜ ಮಾಡ್ಬಿಡ್ತೀನಿ."

ನಾನು ಬೇಡ ಎಂದೆ, ಆದರೆ ಬೇಡ ಎಂದು ಎಷ್ಟು ಹೊತ್ತು ಹೇಳಿದೆ? ಇಬ್ಬರು ಮಕ್ಕಳ ಮುಖ ನೋಡಿ ಸುಮ್ಮನಾದೆ. ಆ ಸುಮ್ಮನಾದದ್ದಕ್ಕೆ ನನಗೆ ನಾಚಿಕೆಯಾಗುತ್ತದೆ, ವೆಂಡಲ್. ನೀನು ಹೇಳಿದ ಮೇಲೆ ಅದನ್ನು ಚಾಚೂ ತಪ್ಪದೆ ಮಾಡುವವನು. ಚರ್ಚಿನ ಕಾಣಿಕೆ ಎಣಿಸುವ ಕೈ ನಿನ್ನದು. ಫ್ರಿಜ್ಜಿನ ಕೆಳಗಿನ ಹಲಗೆಗೆ ಟೇಪ್ ಅಂಟಿಸಿ ನಿನ್ನ ಹೆಸರು ಬರೆದೆ. ನಿನ್ನದೇ ಬೆಣ್ಣೆ, ನಿನ್ನದೇ ಮೊಟ್ಟೆ, ನಿನ್ನದೇ ಉಪ್ಪಿನ ಡಬ್ಬಿ. ಅದೇ ಅಂಗಡಿಯ ಅದೇ ಉಪ್ಪು, ಒಂದೇ ಗೋಡೆಯ ಆ ಕಡೆ ಒಂದು ಡಬ್ಬಿ, ಈ ಕಡೆ ಒಂದು. ಒಂದು ದಿನ ನೀನು ಒಂದು ಈರುಳ್ಳಿ ಸಾಲ ತೆಗೆದುಕೊಂಡು ಮಾರನೆಯ ದಿನ ಅದಕ್ಕಿಂತ ದಪ್ಪನೆಯದನ್ನು ತಂದು ನನ್ನ ಬುಟ್ಟಿಯಲ್ಲಿ ಹಾಕಿದೆ. ನಾನು ಆ ಈರುಳ್ಳಿಯನ್ನು ಬಳಸಲಿಲ್ಲ. ಅದು ಬುಟ್ಟಿಯಲ್ಲೇ ಮೊಳಕೆ ಒಡೆಯಿತು.

ಮತ್ತೆ ಅರ್ಜಿ ಹಾಕಿದಾಗ ಅದೇ ಹುಡುಗಿ ಫೋನು ಮಾಡಿದಳು. ಗಡಿಗೆಯ ಕತೆ ಅವಳಿಗೆ ನೆನಪಿತ್ತೋ ಏನೋ, "ಈಗ ನಿಮ್ಮ ತಮ್ಮ ನಿಮ್ಮ ಜೊತೆ ಊಟ ಮಾಡ್ತಾರಾ?" ಎಂದಳು. ಗೋಡೆಯ ಆಚೆ ನೀನು ಡಬ್ಬಿ ಸೂಪು ಕಲಕುವ ಚಮಚದ ಸದ್ದು ನನಗೆ ಕೇಳುತ್ತಿತ್ತು. "ಇಲ್ಲ" ಎಂದೆ. ನಾನು ಹೇಳಿದ್ದು ನಿಜ. ಜೀವಮಾನದಲ್ಲಿ ನಾನು ಆಡಿದ ಸುಳ್ಳು ಯಾವುದೂ ಆ ನಿಜದಷ್ಟು ನನ್ನನ್ನು ತಲೆತಗ್ಗಿಸುವಂತೆ ಮಾಡಿಲ್ಲ.

ಫುಡ್ ಸ್ಟಾಂಪಿನ ಕಾರ್ಡು ಬಂತು. ಮಕ್ಕಳಿಗೆ ಹಾಲು ಬಂತು, ಸೇಬು ಬಂತು, ಮಾರ್ನಿ ತಿಂಗಳಾನುಗಟ್ಟಲೆ ಕೇಳುತ್ತಿದ್ದ ಕಿತ್ತಳೆ ಬಂತು. ಇಲ್ಲ ಎನ್ನುವುದಿಲ್ಲ. ಆದರೆ ನಮ್ಮೂರಿನ ಅಂಗಡಿಯಲ್ಲಿ ಅದನ್ನು ತೆಗೆಯಲು ನನಗೆ ಧೈರ್ಯ ಬರಲಿಲ್ಲ. ಗಲ್ಲಾದಲ್ಲಿ ಕೂರುವ ಹುಡುಗಿ ನನ್ನ ಮಗಳ ಜೊತೆ ಓದಿದವಳು. ಸೋಪು, ಶೌಚದ ಕಾಗದ ಈ ಕಾರ್ಡಿಗೆ ಬರುವುದಿಲ್ಲ, ಅವನ್ನು ಬೇರೆ ಗುಡ್ಡೆ ಮಾಡಿ ಬೇರೆ ದುಡ್ಡು ಕೊಡಬೇಕು. ಆ ಎರಡು ಗುಡ್ಡೆ ನೋಡಿದರೆ ಹಿಂದೆ ನಿಂತವರಿಗೆಲ್ಲ ವಿಷಯ ಗೊತ್ತಾಗಿಬಿಡುತ್ತದೆ. ಅದಕ್ಕೇ ನದಿ ದಾಟಿ ಆಚೆ ಊರಿನ ದೊಡ್ಡ ಅಂಗಡಿಗೆ ಹೋಗುತ್ತಿದ್ದೆ. ಹೋದ ತಿಂಗಳು ಅಲ್ಲಿ ಸಾಲಿನಲ್ಲಿ ನನ್ನ ಮುಂದೆ ಯಾರು ನಿಂತಿದ್ದರು ಹೇಳು. ಗ್ಲೆಂಡಾ ಥರ್ಲೋ. ನಮ್ಮ ಚರ್ಚಿನಲ್ಲಿ ಹಾಡು ಎತ್ತಿಕೊಡುವ ಅದೇ ಗ್ಲೆಂಡಾ, ತುಪ್ಪಳದ ಕಾಲರಿನ ಕೋಟು ಹಾಕಿಕೊಂಡು, ಎರಡು ಗುಡ್ಡೆ ಮಾಡಿಕೊಂಡು, ಕೈಯಲ್ಲಿ ನನ್ನಂಥದೇ ಕಾರ್ಡನ್ನು ಬೋರಲು ಹಿಡಿದುಕೊಂಡು ನಿಂತಿದ್ದಳು. ತಿರುಗಿ ನನ್ನನ್ನು ನೋಡಿದಳು. ನನ್ನ ಕೈಯನ್ನೂ ನೋಡಿದಳು. "ಇಲ್ಲಿ ಮೊಟ್ಟೆ ಅಗ್ಗ, ಅಲ್ವಾ ಅರ್ಲೀನ್?" ಎಂದಳು. "ಹೂಂ ಕಣೇ, ಭಾರೀ ಅಗ್ಗ" ಎಂದೆ. ಅಲ್ಲಿ ಮೊಟ್ಟೆ ನಮ್ಮೂರಿಗಿಂತ ದುಬಾರಿ, ಪೆಟ್ರೋಲು ಬೇರೆ ದಂಡ. ಕಾರಿನಲ್ಲಿ ಕೂತ ಮೇಲೆ ನನಗೆ ನಗು ತಡೆಯಲಾಗಲಿಲ್ಲ. ಒಬ್ಬರ ಕಣ್ಣು ತಪ್ಪಿಸಲು ಇನ್ನೊಬ್ಬರು ನದಿ ದಾಟಿ ಹೋಗಿ ಅಲ್ಲೇ ಸಿಕ್ಕಿಬಿದ್ದೆವು. ಈ ಭಾನುವಾರ ಅವಳು ನನ್ನ ಪಕ್ಕದಲ್ಲೇ ಬಂದು ಕೂತಳು, ಆದರೆ ಇಬ್ಬರೂ ಹಾಡಿನ ಪುಸ್ತಕದಿಂದ ತಲೆ ಎತ್ತಲಿಲ್ಲ.

ನಗಿಸುವುದಕ್ಕೆ ಇದನ್ನು ಬರೆದೆ. ಈಗ ನಗು ಬಾರದ್ದನ್ನೂ ಬರೆಯಬೇಕು. ಥ್ಯಾಂಕ್ಸ್‌ಗಿವಿಂಗ್ ದಿನ ನಾನು ಟರ್ಕಿ ಕೋಳಿ ಮಾಡಿ, ಅಪ್ಪ ಕೈಯಾರೆ ಮಾಡಿದ ಮೇಜಿನ ಮೇಲೆ ಹರಡಿ, ನಿನ್ನ ಕೋಣೆಯ ಬಾಗಿಲು ತಟ್ಟಿದೆ. ನೀನು ಬಾಗಿಲು ತೆರೆಯದೆ "ಊಟ ಆಗ್ತಿದೆ ಅಕ್ಕಾ" ಎಂದೆ. ಹಬ್ಬದ ದಿನ, ಡಬ್ಬಿ ಸೂಪು. ಮಾರ್ನಿ ಯಾರಿಗೂ ಹೇಳದೆ ಒಂದು ಬನ್ನನ್ನು ಅಪ್ಪಚ್ಚಿ ಮಾಡಿ ಬಾಗಿಲ ಸಂದಿಯಿಂದ ಒಳಗೆ ತೂರಿಸಿದಳಂತೆ. ನೀನು ಬಾಗಿಲು ತೆಗೆದು, ಅವಳ ಕೈಗೇ ಅದನ್ನು ವಾಪಸ್ ಕೊಟ್ಟು, "ಬೇಡ ಚಿನ್ನಾ, ಅಜ್ಜಿಗೆ ತೊಂದ್ರೆ ಆಗುತ್ತೆ" ಎಂದೆಯಂತೆ. ಅವಳು ಬಂದು ಮೇಜಿನ ಹತ್ತಿರ ನಿಂತು ಇಷ್ಟನ್ನೂ ಹೇಳಿದಳು. ಆ ಬನ್ನು ಅವಳ ಕೈಯಲ್ಲೇ ಇತ್ತು. ನಾನು ನನ್ನ ತಟ್ಟೆಯನ್ನು ಪಕ್ಕಕ್ಕೆ ಸರಿಸಿದೆ. ಅಪ್ಪ ಚೀಸ್ ತಿನ್ನುವಾಗ ಅಮ್ಮನಿಗೂ ಹೀಗೇ ಊಟ ಸೇರುತ್ತಿರಲಿಲ್ಲವೇನೋ, ಆದರೆ ಅಮ್ಮ ಯಾರನ್ನೂ ಮೇಜಿನಿಂದ ಎಬ್ಬಿಸಿರಲಿಲ್ಲ.

ಆ ವಾರವೇ ನೀನು ಕಾಡಿನ ಕೆಲಸಕ್ಕೆ ಹೊರಟೆ. ಚಳಿಗಾಲದಲ್ಲಿ ಮರ ಕಡಿಯುವುದಕ್ಕೆ ಕೂಲಿ ಜಾಸ್ತಿ ಎಂದೆ. ಟ್ರಕ್ಕು ಹತ್ತುವಾಗ ಮಾತ್ರ ನಿಜ ಹೇಳಿದೆ, "ಮಕ್ಕಳು ಬಾಗಿಲ ಹತ್ರ ಬಂದು ನಿಲ್ತಾವೆ ಅಕ್ಕಾ, ನನ್ನ ಕೈಲಾಗಲ್ಲ." ಕ್ರಿಸ್‌ಮಸ್ಸಿಗೆ ಬಂದೆ, ಉಡುಗೊರೆ ಕೊಟ್ಟೆ, ನಿನ್ನ ಸ್ಯಾಂಡ್‌ವಿಚ್ಚನ್ನು ಟ್ರಕ್ಕಿನಲ್ಲಿ ಕೂತು ತಿಂದೆ. ಕಿಟಕಿಯಿಂದ ನಾನು ನೋಡುತ್ತಿದ್ದದ್ದು ನಿನಗೆ ಗೊತ್ತಿರಲಿಕ್ಕಿಲ್ಲ. ನೀನು ಹೋದ ಮೇಲೆ ಶನಿವಾರ ಕಾಳು ಬೇಯಿಸುವುದನ್ನೇ ಬಿಟ್ಟೆ. ಮೂರು ಜನಕ್ಕೆ ಆ ಗಡಿಗೆ ದೊಡ್ಡದಾಯಿತು ಎಂದು ಮಕ್ಕಳಿಗೆ ಹೇಳಿದ್ದೇನೆ.

ನಿನ್ನ ಕೋಣೆಯನ್ನು ಗುಡಿಸಿ ಇಟ್ಟಿದ್ದೇನೆ. ಕರೆಂಟ್ ಒಲೆ ಅಲ್ಲೇ ಇದೆ, ಅದರ ಮೇಲೆ ಒಂದು ಬಟ್ಟೆ ಹೊದಿಸಿದ್ದೇನೆ, ನನಗೆ ಕಾಣದಿರಲಿ ಎಂದು. ನಿನ್ನ ಜೊತೆ ಕೆಲಸ ಮಾಡುವವರಿಗೆಲ್ಲ ನನ್ನ ನಮಸ್ಕಾರ ಹೇಳು. ಬೀಳುವ ಮರದ ಕಡೆ ಬೆನ್ನು ಹಾಕಿ ನಿಲ್ಲಬೇಡ. ದೇವರು ನಿನ್ನ ಕೈಕಾಲು ಕಾಯಲಿ, ನಿನ್ನ ಎದೆಯನ್ನು ಬೆಚ್ಚಗಿಡಲಿ. ಟೆಸ್ಸಾ ಮತ್ತು ಮಾರ್ನಿ ಮುತ್ತು ಕಳಿಸಿದ್ದಾರೆ. ಅದೂ ಊಟವಲ್ಲ.

ನಿನ್ನ ಅಕ್ಕ,
ಅರ್ಲೀನ್

ಮರೆತ ಮಾತು: ಮರೆತಿದ್ದೆ ಎನ್ನುವುದು ಸುಳ್ಳು, ಬರೆಯಲು ನಾಚಿಕೆಯಾಗಿ ಇಲ್ಲಿಯವರೆಗೆ ತಳ್ಳಿದೆ. ಅಂಚೆಯವನ ಗಾಡಿ ತಿರುವಿನಲ್ಲಿ ಕಾಣುತ್ತಿದೆ, ಬೇಗ ಬರೆಯುತ್ತೇನೆ. ಕಾರ್ಡು ಮುಂದುವರಿಸುವ ಸಲುವಾಗಿ ನಿನ್ನೆ ಆಫೀಸಿನಿಂದ ಫೋನು ಬಂದಿತ್ತು. ಈ ಸಲ ವಯಸ್ಸಾದ ಹೆಂಗಸು. ಈ ತಿಂಗಳ ಇಪ್ಪತ್ತೆರಡು, ಶನಿವಾರ, ಟೆಸ್ಸಾಳ ಹುಟ್ಟುಹಬ್ಬ ತಾನೆ. "ವೆಂಡಲ್ ತಾತ ಕೇಕ್ ತಿಂದ್ರೆ ನಿನ್ನ ಜೈಲಿಗೆ ಹಾಕ್ತಾರಾ ಅಜ್ಜಿ?" ಎಂದು ಅವಳು ವಾರದಿಂದ ಕೇಳುತ್ತಿದ್ದಳು. ಅದಕ್ಕೇ ಮಾನ ಬಿಟ್ಟು ಆ ಹೆಂಗಸನ್ನೇ ಕೇಳಿದೆ. ಥ್ಯಾಂಕ್ಸ್‌ಗಿವಿಂಗ್ ಸಂಗತಿಯೂ ಬಾಯಿಂದ ಬಂದುಬಿಟ್ಟಿತು. ಆಕೆ ಪೂರ್ತಿ ಕೇಳಿಸಿಕೊಂಡಳು. ಆಮೇಲೆ, "ಅಲ್ಲಮ್ಮಾ, ದಿನದಿನದ ಊಟ ಹೆಚ್ಚಾಗಿ ಬೇರೆ ಬೇರೆ ಇದ್ರೆ ಸಾಕು. ಹಬ್ಬಕ್ಕೋ ಶನಿವಾರಕ್ಕೋ ತಮ್ಮನ್ನ ಕೂರಿಸಿ ಬಡಿಸಬೇಡಿ ಅಂತ ಯಾವ ಕಾನೂನೂ ಇಲ್ಲ. ನಿಮಗೆ ಹಾಗಂತ ಯಾರು ಹೇಳಿದ್ರು?" ಎಂದಳು. ಯಾರೂ ಹೇಳಿರಲಿಲ್ಲ, ವೆಂಡಲ್. ನಾವು ಯಾರನ್ನೂ ಕೇಳಿಯೇ ಇರಲಿಲ್ಲ. ಗಡಿಗೆ ತೊಳೆದು ಇಟ್ಟಿದ್ದೇನೆ, ಶುಕ್ರವಾರ ರಾತ್ರಿ ಕಾಳು ನೆನೆಹಾಕುತ್ತೇನೆ. ನೀನು ಬಾ. ನಿನ್ನ ಉಪ್ಪು ತರಬೇಡ.