ಉಸಿರುಗಾಜಿನ ಬಳೆ

ಶಾಂಭವೀ,

ಇದನ್ನು ಅಂಚೆಗೆ ಹಾಕುವುದಿಲ್ಲ, ಆದರೂ ನಿನಗೇ ಹೇಳಬೇಕು. ನೀನು ಮಾತು ಬಿಟ್ಟ ಮೇಲೆ ಕೊಟ್ಟೂರಿನ ಸಂತೆಗೆ ಉಸಿರುಗಾಜಿನ ಬಳೆ ಬಂದಿದೆ. ಒಬ್ಬರ ಹೆಸರು ಹೇಳಿ ಅದರ ಮೇಲೆ ಊದಬೇಕು. ಅವರಿಗೆ ನಮ್ಮ ಮೇಲೆ ಮುನಿಸಿದ್ದರೆ ಮಂಜು, ಮರೆತೇಬಿಟ್ಟಿದ್ದರೆ ಬರೀ ಗಾಜು. ಪ್ರಾಸ ನನ್ನದು.

“ಯಜಮಾನ್ರ ಹೆಸರು ಹೇಳಾಕ ನಾಚಿಕಿ ಏನ್ರಿ?” ಎಂದಳು ಬಳೆಗಾರ್ತಿ ಹಂಪಕ್ಕ.

“ಅವರ ಸಿಟ್ಟು ನೋಡಾಕ ಗಾಜು ಯಾಕ ಹಂಪಕ್ಕ? ಸಾರಿಗೆ ಉಪ್ಪು ಕಮ್ಮಿ ಆದ್ರ ಸಾಕು.”

ನಿನ್ನ ಹೆಸರು ಹೇಳಿ ಊದಿದೆ. ಕವಿದ ಮಂಜು ಸೆರಗಿನಿಂದ ಒರೆಸಿದರೂ ಹೋಗಲಿಲ್ಲ.

“ಬಾಳ ಸಿಟ್ಟಿಲೆ ಅದಾರ ನೋಡ್ರಿ ನಿಮ್ ಗೆಳತಿ. ಬ್ಯಾರೇದು ಕೊಡ್ಲೇನು?”

ಬೇಡವೆಂದು ಅದನ್ನೇ ತೊಟ್ಟು ಬಂದೆ. ಊದುವಾಗ ನನಗಿದ್ದ ಹೆದರಿಕೆಯೇ ಬೇರೆ. ಈ ಸಿಟ್ಟನ್ನು ಇಷ್ಟು ಬೇಗ ಬಿಡಬೇಡ, ಲೇ.