ಗ್ರೀಸಿನ ಅಳಿಯನ ಕ್ಲೋಸಪ್

ಕೂಕಟ್‌ಪಲ್ಲಿ, ಹೈದರಾಬಾದ್
೧೨ ಆಗಸ್ಟ್ ೨೦೦೩

ಪ್ರೀತಿಯ ಅವ್ವನಿಗೆ ಹರ್ಷದಾಳ ನಮಸ್ಕಾರ.

ಗುಲ್ಬರ್ಗದಲ್ಲಿ ನಿನ್ನ ಅಳಿಯನ ಸಿನಿಮಾ ನೋಡಿದೆಯಂತೆ. ಹೀರೋ ಬಿಳಿ ಕಲೆಕ್ಟರನ ಕೆನ್ನೆಗೆ ಹೊಡೆದಾಗ ಥಿಯೇಟರೆಲ್ಲ ಸಿಳ್ಳೆ ಹಾಕಿತು, ನನಗೂ ನಗು ಬಂತು ಎಂದು ಬರೆದಿದ್ದೀ. ಬೇಸರ ಮಾಡಿಕೊಳ್ಳಬೇಡ. ಇಲ್ಲಿಯೂ ಎಲ್ಲರೂ ನಕ್ಕರು.

ಸ್ಟಾವ್ರೋಸ್ ತಮ್ಮ ಊರಾದ ಅಥೆನ್ಸಿನಲ್ಲಿ ಮೂರು ಸಿನಿಮಾ ಮಾಡಿದ್ದರು. ನಾಯಕನಾಗಿ ನಟಿಸಿದ ಒಂದೇ ಸಿನಿಮಾ ತೆರೆ ಕಾಣಲಿಲ್ಲ. ಆಮೇಲೆ ಅವರೊಂದಿಗೆ ಇಲ್ಲಿಗೆ ಶೂಟಿಂಗಿಗೆ ಬಂದ ಗ್ರೀಕ್ ತಂಡ ವಾಪಸು ಹೋಯಿತು. ಅದರಲ್ಲಿದ್ದ ನಾಲ್ಕು ತೆಲುಗು ಡೈಲಾಗ್ ಹೇಳಿಕೊಡುತ್ತಿದ್ದ ನನ್ನ ಸಲುವಾಗಿ ಅವರು ಉಳಿದರು. ಆಮೇಲೆ ಸಿಕ್ಕದ್ದೆಲ್ಲ ಬ್ರಿಟಿಷ್ ಅಧಿಕಾರಿ, ಇಲ್ಲವೇ ಸ್ಮಗ್ಲರ್. ಇಂಟರ್ವಲ್‌ಗೆ ಮೊದಲೇ ಸಾವು. ನಡುವೆ ಹೈಟೆಕ್ ಸಿಟಿಯ ಕಾಲ್ ಸೆಂಟರೊಂದು ಇಂಗ್ಲಿಷರ ಮಾತಿನ ಧಾಟಿ ಕಲಿಸಲು ಕರೆಯಿತು. ಬಣ್ಣ ನೋಡಿ ಯಾರೂ ದೇಶ ಕೇಳಲಿಲ್ಲ. ಲಂಡನ್ನಿನ ಸಾಹೇಬನೊಬ್ಬ ಬಂದು ಇವರ ಎರಡು ಮಾತು ಕೇಳಿದ. ಮರುದಿನ ಕೆಲಸ ಹೋಯಿತು.

ಆಗ ಸಿಕ್ಕಿದ್ದು ಈ ಕಲೆಕ್ಟರನ ಪಾತ್ರ. ಏಟು ತಾಗುವ ಮೊದಲೇ ಮುಖ ಹೊರಳಿಸುವುದು ವಾಡಿಕೆ. ನಿರ್ದೇಶಕರಿಗೆ ಅದು ಹಿಡಿಸಲಿಲ್ಲ. ನಿಜವಾಗಿ ಹೊಡೆಯಲೇ ಎಂದು ಹೀರೋ ಕೇಳಿದಾಗ ಇವರು ಹೂಂ ಎಂದು ತಲೆಯಾಡಿಸಿದರು. ನಿರ್ದೇಶಕರು ಮತ್ತೆ ಮತ್ತೆ ಹೊಡೆಸಿದರು. ಕೊನೆಗೆ ಎಡಗಿವಿಯಿಂದ ರಕ್ತ ಇಳಿಯಿತು, ಕ್ಯಾಮೆರಾ ನಿಲ್ಲಲಿಲ್ಲ. ಆ ಕಿವಿ ಇನ್ನು ಕೇಳಿಸದು ಎಂದು ಮೆಹದಿಪಟ್ಟಣಂನ ಡಾಕ್ಟರು ಹೇಳಿದರು.

“ಸಾಕು ಅಂತ ಯಾಕ ಅನ್ಲಿಲ್ರಿ?” ಎಂದು ಕೇಳಿದೆ.

“ಕ್ಯಾಮೆರಾ ನನ್ನ ಮುಖದ ಮ್ಯಾಲೆ ಇತ್ತು, ಹರ್ಷದಾ. ನನ್ನೊಬ್ಬನ ಮ್ಯಾಲೆ,” ಎಂದರು.

ಬಿಡುಗಡೆಯ ದಿನ ಇಸ್ತ್ರಿ ಮಾಡಿದ ಅಂಗಿ ತೊಟ್ಟು ನನ್ನನ್ನು ಥಿಯೇಟರಿಗೆ ಕರೆದೊಯ್ದರು. ಸಿಳ್ಳೆ ಎದ್ದಾಗ ನನ್ನ ಕೈ ಹಿಡಿದು, “ಈ ಸಿಳ್ಳೆ ನನಗಾಗೇ ಏನು?” ಎಂದರು. ಹೌದೆಂದೆ. ಎದ್ದು ನಿಂತು ಕೈಮುಗಿದರು. ಯಾರಿಗೂ ಗುರುತು ಸಿಗಲಿಲ್ಲ. ಪರದೆಗೆ ಅಡ್ಡ ನಿಂತನೆಂದು ಹಿಂದಿನವರು ಬೈದದ್ದು ಅವರಿಗೆ ಕೇಳಿಸಲೂ ಇಲ್ಲ.

ಅಂದಿನಿಂದ ಮನೆಯಲ್ಲಿ ಹಾಡಿಕೊಳ್ಳುತ್ತ ಓಡಾಡುತ್ತಾರೆ. ಇಷ್ಟು ವರ್ಷದಲ್ಲಿ ನಾನು ಅವರನ್ನು ಹೀಗೆ ನೋಡಿರಲಿಲ್ಲ. ನೀನು ನಕ್ಕದ್ದನ್ನು ಹೇಳಿಲ್ಲ. ಚಪ್ಪಾಳೆ ತಟ್ಟಿದೆಯೆಂದು ಹೇಳಿದ್ದೇನೆ.

ನಿನ್ನ ಮಗಳು,
ಹರ್ಷದಾ

ತಾ.ಕ.: ನಿನ್ನೆ ಇನ್ನೊಂದು ಸಿನಿಮಾದವರ ಫೋನ್ ಬಂದಾಗ ಇವರು ಸ್ನಾನಕ್ಕೆ ಹೋಗಿದ್ದರು. ಅದೇ ದೃಶ್ಯ, ನಿಜವಾಗಿಯೇ ಹೊಡೆಯಬೇಕಂತೆ. ಸಾಹೇಬರು ಒಪ್ಪುವರೇ ಎಂದು ಕೇಳಿದರು. ಅವರನ್ನು ಕೇಳುವುದೇನೂ ಬೇಡ, ಒಪ್ಪುತ್ತಾರೆ ಎಂದೆ. ಎಡಗೆನ್ನೆಗೇ ಹೊಡೆಯಲು ಹೇಳಿದ್ದೇನೆ.