ಊರು ಸುಟ್ಟಾಗ ನಕ್ಕವನು

ಅಕ್ಕಾ, ರಾಕ್ಷಸಪ್ರಾಣಿಯ ಹೊಸ ಸಿನಿಮಾಕ್ಕೆಂದು ಓಶಿಮಾ ದ್ವೀಪಕ್ಕೆ ಬಂದಿದ್ದೇವೆ. ಇಲ್ಲಿ ಬೆಟ್ಟವೇ ಹೊಗೆಯುಗುಳುತ್ತದೆ. ಪ್ರಾಣಿಯ ರಬ್ಬರ್ ಚರ್ಮವನ್ನು ಮೀನುಬಲೆಗಳ ಜೊತೆ ಒಣಹಾಕಿದ್ದಾರೆ.

ಊರ ಯಜಮಾನನ ಪಾತ್ರ ಈ ಸಲವೂ ಕುರಾಮೋಚಿಗೇ ಸಿಕ್ಕಿತು. ನಾನು ಎಂದಿನಂತೆ ಹೆದರಿ ಓಡುವವರಲ್ಲಿ ಒಬ್ಬ. ಅವನು ಮಾತು ಮರೆಯಲೆಂದು ಹರಕೆ ಹೊತ್ತಿದ್ದೆ. ಇವತ್ತು ಮರೆತೇಬಿಟ್ಟ! ನಿರ್ದೇಶಕರು ನನ್ನನ್ನು ಕರೆದರು. "ನಮ್ಮೂರು ಸುಟ್ಟುಹೋಯ್ತು" ಎಂದು ತಪ್ಪಿಲ್ಲದೆ ಹೇಳಿದೆ.

"ಊರು ಸುಟ್ರೆ ಹಲ್ಲು ಕಿರೀತಾರೇನಯ್ಯಾ?" ಎಂದು ಬೈದು, ಮಾತನ್ನು ಮತ್ತೆ ಅವನಿಗೇ ಕೊಟ್ಟರು. ಅವನ ಬೆನ್ನ ಹಿಂದೆ ನಿಂತು ನಿಜವಾಗಿಯೇ ಅತ್ತೆ.

ಓಡಿ ಊದಿದ್ದ ಮೊಣಕಾಲು ಬಿಸಿನೀರಿನ ಬುಗ್ಗೆಯಿಂದ ವಾಸಿಯಾಗಿದೆ. ಕುರಾಮೋಚಿ ಈಗಷ್ಟೇ ಬಂದು ಬೆನ್ನು ತಟ್ಟಿದ: "ಎಷ್ಟ್ ಚೆನ್ನಾಗಿ ಅಳ್ತೀಯೋ ಮಾರಾಯಾ! ನಾಳೇನೂ ನನ್ನ ಹಿಂದೇನೇ ನಿಂತ್ಕೋ."

ಅಂಚೆಯ ದೋಣಿ ಹೊರಡುವುದರಲ್ಲಿದೆ.

ನಿನ್ನ ತಮ್ಮ ಜುನ್ಕಿಚಿ